ಬೆಕ್ಕಿಗೂ ಒಂದು ಭಾಷೆ ಇದೆ

ಹಾಸ್ಟೆಲ್ ಬೆಕ್ಕುಗಳನ್ನು ಚೀಲಕ್ಕೆ ತುಂಬಿ ದೂರ ಬಿಟ್ಟು ಬರಬೇಕು ಅಂತ ಒಂದು ಅರ್ಜಿ ವಾಟ್ಸಾಪ್ ಗ್ರೂಪುಗಳಲ್ಲಿ ಓಡಾಡ್ತಿದೆ. ದೂರುಗಳು ಮೂರು: ಪರಚುತ್ತವೆ, ರಾತ್ರಿ ಗಲಾಟೆ ಮಾಡುತ್ತವೆ, ಕಾರಿಡಾರ್ ನಾರುತ್ತದೆ. ದೂರು ಸುಳ್ಳಲ್ಲ. ಆದರೆ ಸಹಿ ಹಾಕುವ ಮುಂಚೆ ಕಾರಣ ಹುಡುಕೋದು ಇಂಜಿನಿಯರಿಂಗ್ ಓದೋ ನಮ್ಮ ಕೆಲಸ ಅಲ್ವಾ?

ಮೊದಲು ಪರಚೋದು. ಬೆಕ್ಕು ಹೊಟ್ಟೆ ತೋರಿಸಿ ಹೊರಳಿದರೆ ‘ನಿನ್ನ ಭಯ ಇಲ್ಲ’ ಅಂತ ಅರ್ಥ, ‘ಹೊಟ್ಟೆ ಮುಟ್ಟು’ ಅಂತಲ್ಲ. ಬಾಲ ಪಟಪಟ ಬಡಿಯೋದು, ಕಿವಿ ಹಿಂದಕ್ಕೆ ಮಡಚೋದು ಅದರ ವಾರ್ನಿಂಗ್. ಕಂಪೈಲರ್ ವಾರ್ನಿಂಗ್ ಓದದೆ ರನ್ ಮಾಡಿ ಲ್ಯಾಪ್‌ಟಾಪಿಗೆ ಬೈದ್ರೆ ಏನು ಪ್ರಯೋಜನ? ಬಾಲ ನೆಟ್ಟಗೆ ಎತ್ತಿಕೊಂಡು ಬಂದರೆ ಅದು ನಮಸ್ಕಾರ. ಕಾಲಿಗೆ ಕೆನ್ನೆ ಉಜ್ಜಿದರೆ ತನ್ನ ವಾಸನೆ ಹಚ್ಚಿ ‘ಇವರು ನಮ್ಮವರು’ ಅಂತಿದೆ. ನಿಧಾನಕ್ಕೆ ಕಣ್ಣು ಮಿಟುಕಿಸಿದವರ ಹತ್ತಿರ ಬೆಕ್ಕುಗಳು ಹೆಚ್ಚು ಬರುತ್ತವೆ ಅಂತ ಇಂಗ್ಲೆಂಡಿನ ಸಸೆಕ್ಸ್ ವಿಶ್ವವಿದ್ಯಾಲಯದವರು 2020ರಲ್ಲಿ ತೋರಿಸಿದ್ದಾರೆ. ಇಷ್ಟಾದರೂ ಪರಚಿದರೆ ಸೋಪು ಹಾಕಿ 15 ನಿಮಿಷ ತೊಳೆದು, ಡಾಕ್ಟರ್ ಹತ್ತಿರ ಹೋಗಲೇಬೇಕು. ರೇಬೀಸ್ ತಮಾಷೆಯ ವಿಷಯ ಅಲ್ಲ.

ಇನ್ನು ರಾತ್ರಿಯ ಗಲಾಟೆ. ಅದು ಹೆಚ್ಚಾಗಿ ಬೆದೆಗೆ ಬಂದ ಹೆಣ್ಣುಬೆಕ್ಕಿನ ಕೂಗು, ಗಂಡುಬೆಕ್ಕುಗಳ ಜಗಳ. ಗೋಡೆಗೆ ಮೂತ್ರ ಸಿಂಪಡಿಸೋದು ಕೂಡ ಗಡಿ ಗುರುತು ಹಾಕೋ ಕ್ರಮ. ಸಂತಾನಹರಣ ಶಸ್ತ್ರಚಿಕಿತ್ಸೆ ಮಾಡಿಸಿದರೆ ಎರಡೂ ಬಹಳಷ್ಟು ಕಡಿಮೆಯಾಗುತ್ತವೆ. ಪ್ರೀತಿಯಿಂದ ಮೆಸ್ಸಿನ ಹಾಲು ಇಡೋರಿಗೂ ಒಂದು ಮಾತು: ಬೆಳೆದ ಬೆಕ್ಕುಗಳಲ್ಲಿ ಹೆಚ್ಚಿನವಕ್ಕೆ ಹಾಲು ಜೀರ್ಣ ಆಗಲ್ಲ, ಭೇದಿ ಶುರುವಾಗುತ್ತೆ. ಹಾಲು ಕಂಡರೆ ಓಡುತ್ತಿದ್ದ ತೆನಾಲಿ ರಾಮಕೃಷ್ಣನ ಬೆಕ್ಕೇ ಜಾಣ! ನೀರು ಇಟ್ಟರೆ ಸಾಕು.

ಚೀಲದ ಉಪಾಯ ಯಾಕೆ ಬೇಡ? ಬೆಕ್ಕು ಜಾಗಕ್ಕೆ ಅಂಟಿಕೊಂಡ ಪ್ರಾಣಿ. ಗೊತ್ತಿಲ್ಲದ ಕಡೆ ಬಿಟ್ಟರೆ ವಾಪಸ್ ಬರಲು ಹೊರಟು ರಸ್ತೆಯಲ್ಲೇ ಸಾಯಬಹುದು. ಇಲ್ಲಿ ಎಂಜಲು, ಇಲಿ ಇರೋವರೆಗೆ ಖಾಲಿ ಜಾಗಕ್ಕೆ ಇನ್ನೊಂದು ಬೆಕ್ಕು ಬಂದೇ ಬರುತ್ತೆ. ಆಗ ಮತ್ತೊಂದು ಅರ್ಜಿ ಬರೆಯೋದಾ?

ಅದರ ಬದಲು ವಾರ್ಡನ್ನರಿಗೆ ಬೇರೆ ಅರ್ಜಿ ಕೊಡೋಣ: ಪಶುವೈದ್ಯರನ್ನು ಕರೆಸಿ, ಶಸ್ತ್ರಚಿಕಿತ್ಸೆ ಮತ್ತು ಲಸಿಕೆ ಹಾಕಿಸಿ, ಊಟ ಹಾಕಲು ಮೆಸ್ಸಿನ ಹಿಂದೆ ಒಂದೇ ಜಾಗ ಗೊತ್ತು ಮಾಡಿ. ಖರ್ಚಿಗೆ ನಾವೆಲ್ಲ ತಲೆಗೆ ಒಂದಿಷ್ಟು ಹಾಕೋಣ. ಫೆಸ್ಟಿಗೆ ಹಾಕಲ್ವಾ, ಹಾಗೇ.