ಗೋಕಾಕ ಸೀಮೆಯ ಮತದಾರ ಕುರುಡನಲ್ಲ
ಗೋಕಾಕ, ಅರಭಾವಿ, ಯಮಕನಮರಡಿಗಳಲ್ಲಿ ಜನ ಜಾರಕಿಹೊಳಿ ಮನೆತನಕ್ಕೆ ಕಣ್ಣುಮುಚ್ಚಿ ಮತ ಹಾಕುತ್ತಾರೆ, ಅಮೆರಿಕದವರು ಮಾಡುವಂತೆ ಇಲ್ಲಿ ಚುನಾವಣಾ ಪ್ರಚಾರವನ್ನು ಅಧ್ಯಯನ ಮಾಡುವುದು ವ್ಯರ್ಥ ಎಂಬುದು ಪ್ರಕಟವಾದ ಲೇಖನವೊಂದರ ವಾದ. ಅಂಕಿಗಳು ಇದನ್ನು ಒಪ್ಪುವುದಿಲ್ಲ. ಯಮಕನಮರಡಿಯಲ್ಲಿ ಸತೀಶ ಜಾರಕಿಹೊಳಿಯವರ ಗೆಲುವಿನ ಅಂತರ 2018ರಲ್ಲಿ ಬರೀ 2,850 ಮತ. 2023ರಲ್ಲಿ 57 ಸಾವಿರ. ಕಣ್ಣುಮುಚ್ಚಿದವರ ಮತ ಹೀಗೆ ಏರಿಳಿಯುತ್ತದೆಯೇ? 2019ರ ಗೋಕಾಕ ಉಪಚುನಾವಣೆಯಲ್ಲಂತೂ ಇದೇ ಮನೆತನದ ರಮೇಶ, ಲಖನ್ ಅಣ್ಣತಮ್ಮಂದಿರೇ ಎದುರಾಳಿಗಳು. ಮನೆತನ ನೋಡಿದವರು ಯಾರಿಗೆ ಹಾಕಬೇಕಿತ್ತು?

ಗೆದ್ದವರೇ ಮತ್ತೆ ಗೆಲ್ಲುವುದು ಅಮೆರಿಕದಲ್ಲೂ ಇದೆ: ಅಲ್ಲಿನ ಸಂಸತ್ತಿನ ಕೆಳಮನೆಗೆ ಮತ್ತೆ ಸ್ಪರ್ಧಿಸುವ ಸದಸ್ಯರಲ್ಲಿ ಸಾಮಾನ್ಯವಾಗಿ ನೂರಕ್ಕೆ 90ಕ್ಕೂ ಹೆಚ್ಚು ಮಂದಿ ಗೆಲ್ಲುತ್ತಾರೆ. ಅಲ್ಲಿನ ವಿದ್ವಾಂಸರು ಮತದಾರರನ್ನು ಜರೆಯಲಿಲ್ಲ. ಹಣ, ಕ್ಷೇತ್ರದ ಗಡಿ, ಎದುರಾಳಿಯ ಬಲವನ್ನು ಅಳೆದರು. ಇಲ್ಲೂ ಅಳೆಯಬಹುದು: ಈ ಸೀಮೆಯ ಮಸಗುಪ್ಪಿಯಂಥ ಊರಿನ ಬೂತುವಾರು ಮತಗಳೂ ಚುನಾವಣಾ ಫಲಿತಾಂಶದ ಫಾರ್ಮ್ 20ರಲ್ಲಿ ಸಿಗುತ್ತವೆ. ಆ ಲೇಖನದ ಲೇಖಕರು ದಯವಿಟ್ಟು ಮೊದಲು ಅದನ್ನು ಓದಲಿ.