ಕೈಲಾಸದಲ್ಲಿ ಕಾಲ ಓಡುತ್ತದಂತೆ!

ಈ ಮೆಸೇಜ್ ನಿಮ್ಮ ಫೋನಿಗೂ ಬಂದಿರುತ್ತದೆ. ಊರಿನ ಗ್ರೂಪು, ಸಂಘದ ಗ್ರೂಪು, ಭಜನಾ ಮಂಡಳಿ ಗ್ರೂಪು, ಎಲ್ಲ ಕಡೆ ಸುತ್ತುತ್ತಿದೆ. ಕೈಲಾಸ ಪರ್ವತದ ಹತ್ತಿರ ಕಾಲ ಬೇಗ ಓಡುತ್ತದಂತೆ. ಎರಡು ವಾರಕ್ಕೆ ಬೆಳೆಯುವ ಉಗುರು, ಕೂದಲು ಅಲ್ಲಿ 12 ಗಂಟೆಯಲ್ಲೇ ಬೆಳೆಯುತ್ತವಂತೆ. ಬೆಟ್ಟ ಹತ್ತಲು ಹೋದವರು ವರ್ಷದೊಳಗೆ ಮುದುಕರಾಗಿ ಸತ್ತರಂತೆ. ಅದು ಬೆಟ್ಟವೇ ಅಲ್ಲ, ಒಳಗೆ ಟೊಳ್ಳಾದ ಪಿರಮಿಡ್ ಅಂತೆ. ಕೊನೆಗೆ ಇದ್ದೇ ಇದೆಯಲ್ಲ, ‘ವಿಜ್ಞಾನಿಗಳೇ ಬೆರಗಾಗಿದ್ದಾರೆ, ಹತ್ತು ಜನರಿಗೆ ಕಳಿಸಿ’.

ನಾವೂ ಇಷ್ಟು ದಿನ ನಕ್ಕು ಸುಮ್ಮನಿದ್ದೆವು. ದೇವರ ವಿಷಯ, ಯಾರ ಮನಸ್ಸನ್ನು ಯಾಕೆ ನೋಯಿಸಬೇಕು ಅಂತ. ಈಗ ಬರೆಯಲು ಕಾರಣವಿದೆ. ನಮ್ಮ ಬಳಗದ ಒಬ್ಬರ ಸೋದರಮಾವ, ಅರವತ್ತು ದಾಟಿದವರು, ಏಜೆಂಟರ ಮೂಲಕ ನೇಪಾಳದ ದಾರಿಯಲ್ಲಿ ಕೈಲಾಸಕ್ಕೆ ಹೋಗಿದ್ದರು. ಪರಿಕ್ರಮದ ಮೊದಲ ದಿನವೇ ತಲೆ ಸಿಡಿಯುವ ನೋವು, ವಾಂತಿ, ರಾತ್ರಿಯೆಲ್ಲ ನಿದ್ದೆ ಇಲ್ಲ. ಯಾರಿಗೂ ಹೇಳಲಿಲ್ಲ. ಯಾಕೆ ಮಾವ ಅಂದರೆ, “ಕಾಲ ಬದಲಾಗೋ ಜಾಗ, ಮೈಗೆ ಹಂಗೇ ಆಗುತ್ತೆ ಅಂತ ಮೆಸೇಜಲ್ಲಿ ಇತ್ತಲ್ಲಪ್ಪ” ಅಂದರು. ಮಾರನೇ ದಿನ ಹೆಜ್ಜೆ ತೂರಾಡುವುದನ್ನು ಜೊತೆಯವರು ಕಂಡು ಕೆಳಗಿಳಿಸಿದ್ದರಿಂದ ಉಳಿದುಕೊಂಡರು.

ಮಾವನಿಗೆ ಆಗಿದ್ದು ಎತ್ತರದ ಕಾಯಿಲೆ. ನಮ್ಮ ಮುಳ್ಳಯ್ಯನಗಿರಿ ಸುಮಾರು 1,930 ಮೀಟರ್. ಕೈಲಾಸ ಪರಿಕ್ರಮ ಸುಮಾರು 52 ಕಿಲೋಮೀಟರ್ ನಡಿಗೆ, ಅದರಲ್ಲಿ ದಾಟಬೇಕಾದ ಡೋಲ್ಮಾ ಕಣಿವೆದಾರಿ 5,600 ಮೀಟರ್ ಎತ್ತರದಲ್ಲಿದೆ. ಅಲ್ಲಿ ಗಾಳಿಯ ಒತ್ತಡ ಸಮುದ್ರದಂಡೆಯ ಅರ್ಧದಷ್ಟು. ಒಂದು ಉಸಿರಿಗೆ ಸಿಗುವ ಆಮ್ಲಜನಕವೂ ಅರ್ಧ. ದೇಹ ಒಗ್ಗಿಕೊಳ್ಳಲು ದಿನಗಳು ಬೇಕು. ಬಸ್ಸು ಜೀಪಿನಲ್ಲಿ ಸರಸರ ಏರಿದವರಿಗೆ ತಲೆನೋವು, ವಾಂತಿ ಶುರುವಾಗುತ್ತದೆ. ಅದನ್ನು ಲೆಕ್ಕಿಸದೆ ಮೇಲಕ್ಕೆ ಹೋದರೆ ಶ್ವಾಸಕೋಶದಲ್ಲಿ ನೀರು ತುಂಬಬಹುದು, ಮೆದುಳು ಬಾತುಕೊಳ್ಳಬಹುದು. ನಡಿಗೆ ತೂರಾಡುವುದು ಎರಡನೆಯದರ ಗುರುತು. ಆಮೇಲೆ ಸಮಯ ಹೆಚ್ಚಿರುವುದಿಲ್ಲ, ಕೂಡಲೇ ಕೆಳಗಿಳಿಸಬೇಕು.

ಈ ಕಾಲದ ಕಥೆ ಬಂದಿದ್ದಾದರೂ ಎಲ್ಲಿಂದ? ಪುರಾಣದಿಂದ ಅಲ್ಲ. ರಷ್ಯಾದ ಉಫಾ ನಗರದ ಕಣ್ಣಿನ ಡಾಕ್ಟರ್ ಎರ್ನ್ಸ್ಟ್ ಮುಲ್ದಾಶೆವ್ ಎಂಬವರು 1999ರಲ್ಲಿ ಕೈಲಾಸದ ಕಡೆ ಹೋಗಿ ಬಂದು ಪುಸ್ತಕ ಬರೆದರು. ಬೆಟ್ಟ ಯಾರೋ ಕಟ್ಟಿದ ಪಿರಮಿಡ್, ಅದರ ಬಾಗಿದ ಬಂಡೆಗೋಡೆಗಳು ಕಾಲವನ್ನು ಹಿಂಡುವ ಕನ್ನಡಿಗಳು ಅಂದರು. ಅಳತೆ ಮಾಡಿ ತೋರಿಸಿದ್ದು ಏನೂ ಇಲ್ಲ. ಅದೇ ಕಥೆ ಈಗ ಓಂ ಚಿತ್ರ ಹಚ್ಚಿಕೊಂಡು ನಮ್ಮ ಗ್ರೂಪಿಗೆ ಬಂದಿದೆ.

ಉಗುರಿನ ಲೆಕ್ಕ ನೋಡಿ. ಕೈಯುಗುರು ತಿಂಗಳಿಗೆ ಸುಮಾರು 3 ಮಿಲಿಮೀಟರ್ ಬೆಳೆಯುತ್ತದೆ. ಲಿಪುಲೇಖ್ ದಾರಿಯಲ್ಲಿ ಸರ್ಕಾರದ ಯಾತ್ರೆಗೆ ಮೂರು ವಾರಕ್ಕೂ ಹೆಚ್ಚು ಬೇಕು. ಆ ಚಳಿಯಲ್ಲಿ ಉಗುರು ಕತ್ತರಿಸುತ್ತಾ ಕೂರುವವರು ಯಾರು? ಮನೆಗೆ ಬಂದು ಕೈ ನೋಡಿಕೊಂಡರೆ ಉದ್ದ ಕಾಣದೆ ಇರುತ್ತದೆಯೇ?

ಇನ್ನು ಹತ್ತಿ ಸತ್ತವರು. ಕೈಲಾಸದ ತುದಿ ಮುಟ್ಟಿದವರು ಯಾರೂ ದಾಖಲೆಯಲ್ಲಿ ಇಲ್ಲ. 1980ರ ದಶಕದಲ್ಲಿ ಹೆಸರಾಂತ ಪರ್ವತಾರೋಹಿ ರೈನ್‌ಹೋಲ್ಡ್ ಮೆಸ್ನರ್‌ಗೆ ಚೀನಾ ಅನುಮತಿ ಕೊಡಲು ಮುಂದೆ ಬಂದಿತ್ತು, ಅವರೇ ಬೇಡ ಅಂದರು. ಹಿಂದೂಗಳು, ಬೌದ್ಧರು, ಜೈನರು, ಟಿಬೆಟ್ಟಿನ ಬೋನ್ ಪಂಥದವರು ಕೈಮುಗಿಯುವ ಬೆಟ್ಟ ಅದು. ಬೋನ್ ಜನ ನಮ್ಮ ಹಾಗೆ ಬಲಕ್ಕಲ್ಲ, ಎಡಕ್ಕೆ ಸುತ್ತು ಹಾಕುತ್ತಾರೆ. ನಮ್ಮಲ್ಲಂತೂ ಸತ್ತವರ ತಿಥಿ ಕಾರ್ಡಿನಲ್ಲೂ ‘ಕೈಲಾಸ ಸಮಾರಾಧನೆ’ ಅಂತ ಅಚ್ಚಾಗುತ್ತದೆ. ಇಂಥ ಜಾಗಕ್ಕೆ ಕಣ್ಣಿನ ಡಾಕ್ಟರ ಸರ್ಟಿಫಿಕೇಟ್ ಬೇಕೇ? ಭಕ್ತಿಗೆ ಇದು ಅವಮಾನ ಅಂತಲೇ ನಮಗೆ ಅನ್ನಿಸುತ್ತದೆ.

ಒಂದು ತಮಾಷೆಯೂ ಇದೆ. ಎತ್ತರದಲ್ಲಿ ಕಾಲ ತುಸು ಬೇಗ ಓಡುವುದು ನಿಜ. ಐನ್‌ಸ್ಟೈನ್ ಹೇಳಿದ್ದನ್ನು ಅಣುಗಡಿಯಾರ ಇಟ್ಟು ನೋಡಿದ್ದಾರೆ. ಆದರೆ ಎಷ್ಟು? ಡೋಲ್ಮಾದಲ್ಲಿ ಗುಡಿಸಲು ಹಾಕಿಕೊಂಡು 50 ಸಾವಿರ ವರ್ಷ ಕೂತರೆ ಸುಮಾರು ಒಂದು ಸೆಕೆಂಡು. ಅದೂ ಕೈಲಾಸದ ಪವಾಡವಲ್ಲ, ಅಷ್ಟೇ ಎತ್ತರದ ಯಾವ ಬೆಟ್ಟದಲ್ಲೂ ಇಷ್ಟೇ.

ಆ ದಾರಿಯಲ್ಲಿ ಜೀವ ತೆಗೆದದ್ದು ಬೇರೆ. 1998ರ ಆಗಸ್ಟಿನಲ್ಲಿ ಯಾತ್ರಿಕರು ತಂಗಿದ್ದ ಮಾಲ್ಪಾ ಎಂಬ ಹಳ್ಳಿಯ ಮೇಲೆ ಗುಡ್ಡ ಕುಸಿದು 200ಕ್ಕೂ ಹೆಚ್ಚು ಜನ ಹೋದರು. ಹೆಸರಘಟ್ಟದ ಹತ್ತಿರ ನೃತ್ಯಗ್ರಾಮ ಕಟ್ಟಿದ ಪ್ರೊತಿಮಾ ಬೇಡಿ ಅವರಲ್ಲೊಬ್ಬರು. ಐದು ವರ್ಷ ನಿಂತಿದ್ದ ಸರ್ಕಾರಿ ಯಾತ್ರೆ 2025ರಲ್ಲಿ ಮತ್ತೆ ಶುರುವಾಗಿದೆ. ಅದಕ್ಕೆ ಹೋಗುವವರಿಗೆ ದೆಹಲಿಯಲ್ಲೇ ವೈದ್ಯಕೀಯ ತಪಾಸಣೆ ಇದೆ, ಫೇಲಾದರೆ ವಾಪಸ್. ಖಾಸಗಿಯಾಗಿ ಹೋಗುವವರು ಬಿ.ಪಿ., ಶುಗರು, ಹೃದಯ ಎಲ್ಲ ತಾವೇ ತೋರಿಸಿಕೊಂಡು ಹೋಗಿ. ಎತ್ತರಕ್ಕೆ ಒಗ್ಗಲು ಎಷ್ಟು ದಿನ ನಿಲ್ಲಿಸುತ್ತೀರಿ ಅಂತ ಏಜೆಂಟರನ್ನು ಮೊದಲೇ ಕೇಳಿ. ತಲೆನೋವು ಬಂದರೆ ನಾಚಿಕೆ ಬೇಡ, ಬಾಯಿಬಿಟ್ಟು ಹೇಳಿ.

ಅಂದಹಾಗೆ, ಆ ಮೆಸೇಜನ್ನು ಊರಿನ ಗ್ರೂಪಿಗೆ ಮೊದಲು ಹಾಕಿದವರು ಮಾವನೇ. ಹೋದ ವಾರ ಅದರ ಕೆಳಗೆ ತಮಗಾದದ್ದನ್ನೆಲ್ಲ ತಾವೇ ಬರೆದರು. ಮೂರು ಜನ ಕೈಮುಗಿಯುವ ಗುರುತು ಹಾಕಿದ್ದಾರೆ. ಒಬ್ಬರು ಮಾತ್ರ, ನಿಮ್ಮ ಭಕ್ತಿಯಲ್ಲೇ ಏನೋ ಕಡಿಮೆಯಾಗಿರಬೇಕು ಅಂದಿದ್ದಾರೆ.