ಸಣ್ಣ ಭಾಷೆಯ ನಟಿ, ದೊಡ್ಡ ಪರದೆಯ ಅಳತೆಗೋಲು

ಕಡಿಮೆ ಜನರಾಡುವ ಭಾಷೆಯಲ್ಲಿ ಬೆಳೆದ ನಟಿಯ ಸಾಧನೆಯನ್ನು ಅಳೆಯುವಾಗ, ಆಕೆ ಇಂಗ್ಲಿಷ್ ಚಿತ್ರಗಳಲ್ಲಿ ಗಳಿಸಿದ ಹೆಸರನ್ನೇ ಕೊನೆಯ ಮಾನದಂಡವಾಗಿಸಿಕೊಳ್ಳುವುದು ವಾಡಿಕೆ. ತಾಯ್ನಾಡಿನ ಕೆಲಸವನ್ನು ಮೆಟ್ಟಿಲೆಂದೂ ಹಾಲಿವುಡ್ಡನ್ನು ಶಿಖರವೆಂದೂ ಎಣಿಸುವ ಈ ಕ್ರಮ ನ್ಯಾಯವಾದುದೇ ಎಂಬ ಪ್ರಶ್ನೆಯನ್ನು ನೆದರ್ಲೆಂಡ್ಸ್‌ನ ಕಾರೀಸ್ ಫಾನ್ ಹೌಟನ್ ಅವರ ವೃತ್ತಿಜೀವನದ ಮೂಲಕ ಪರಿಶೀಲಿಸಬಹುದು.

1976ರಲ್ಲಿ ಹುಟ್ಟಿದ ಫಾನ್ ಹೌಟನ್ ಆಮ್‌ಸ್ಟರ್‌ಡ್ಯಾಮ್‌ನ ಕ್ಲೈನ್‌ಕುನ್ಸ್ಟ್ ಅಕಾಡೆಮಿಯಲ್ಲಿ, ಅಂದರೆ ಹಾಡು, ಮಾತು, ಹಾಸ್ಯ ಬೆರೆತ ಡಚ್ ರಂಗಪ್ರಕಾರವನ್ನು ಕಲಿಸುವ ಶಾಲೆಯಲ್ಲಿ, ತರಬೇತಿ ಪಡೆದರು. 1999ರ ‘ಸೂಜಿ ಕ್ಯೂ’ ಎಂಬ ಟೆಲಿವಿಷನ್ ಚಿತ್ರ ಅವರಿಗೆ ‘ಚಿನ್ನದ ಕರು’ ತಂದುಕೊಟ್ಟಿತು. ಉಟ್ರೆಖ್ಟ್ ನಗರದ ಚಿತ್ರೋತ್ಸವದಲ್ಲಿ ಕೊಡುವ ಈ ಪ್ರಶಸ್ತಿ ಡಚ್ ಚಿತ್ರರಂಗದ ಅತ್ಯುನ್ನತ ಗೌರವ. ಮುಂದೆ ‘ಮಿನೂಸ್’ (2001) ಎಂಬ ಮಕ್ಕಳ ಚಿತ್ರದಲ್ಲಿ ಹೆಣ್ಣಾಗಿ ಮಾರ್ಪಟ್ಟ ಬೆಕ್ಕಾಗಿ, ನಿರ್ದೇಶಕ ಪಾಲ್ ವರ್ಹೋವನ್ ಅವರ ‘ಸ್ವಾರ್ಟ್‌ಬೂಕ್’ನಲ್ಲಿ (2006) ನಾಜಿ ಆಕ್ರಮಣದ ದಿನಗಳಲ್ಲಿ ವೇಷ ಮರೆಸಿಕೊಂಡು ಪ್ರತಿರೋಧ ಚಳವಳಿಗೆ ದುಡಿಯುವ ಯಹೂದಿ ಗಾಯಕಿಯಾಗಿ, 2010ರಲ್ಲಿ ತೆರೆಕಂಡ ಇನ್ನೊಂದು ಚಿತ್ರದಲ್ಲಿ ಹೆರಿಗೆಯ ನಂತರ ಮನಸ್ಸಿನ ಸ್ತಿಮಿತ ಕಳೆದುಕೊಳ್ಳುವ ಗೃಹಿಣಿಯಾಗಿ ಅವರು ಅಭಿನಯಿಸಿದರು. ಇಷ್ಟು ದೂರದೂರದ ಪಾತ್ರಗಳು ಒಬ್ಬರಿಗೇ ದಕ್ಕಿದ್ದಕ್ಕೆ ಪ್ರತಿಭೆಯಷ್ಟೇ ಉದ್ಯಮದ ಸ್ವರೂಪವೂ ಕಾರಣ: ಚಿತ್ರಗಳೂ ಕಲಾವಿದರೂ ಮಿತವಾಗಿರುವ ಕಡೆ ಒಬ್ಬ ನಟಿಯನ್ನು ಒಂದೇ ಅಚ್ಚಿನಲ್ಲಿ ಕೂರಿಸಿಡುವುದು ಯಾರಿಗೂ ಗಿಟ್ಟುವುದಿಲ್ಲ. ಆದರೆ ಈ ವೈವಿಧ್ಯ ತಾನಾಗಿ ಬೆಳೆದದ್ದೆಂದು ಭಾವಿಸಬಾರದು. ನೆದರ್ಲೆಂಡ್ಸ್‌ನಲ್ಲಿ, ಮಕ್ಕಳ ಚಿತ್ರಗಳನ್ನು ಬಿಟ್ಟರೆ, ವಿದೇಶಿ ಚಿತ್ರಗಳಿಗೆ ಡಬ್ಬಿಂಗ್ ಮಾಡದೆ ಅಡಿಬರಹ ಹಾಕುವ ರೂಢಿಯಿರುವುದರಿಂದ ಅಲ್ಲಿನ ಪ್ರೇಕ್ಷಕರ ಕಿವಿ ಇಂಗ್ಲಿಷಿಗೆ ಪಳಗಿದೆ, ಹಾಗಾಗಿ ಡಚ್ ಚಿತ್ರ ಹಾಲಿವುಡ್ಡಿನೊಡನೆ ನೇರವಾಗಿ ಸೆಣಸಬೇಕು. ಸರ್ಕಾರದ ಚಲನಚಿತ್ರ ನಿಧಿಯೂ ಸಾರ್ವಜನಿಕ ಪ್ರಸಾರ ಸಂಸ್ಥೆಗಳೂ ಹಣ ತೊಡಗಿಸದಿದ್ದರೆ ಇಂತಹ ಪಾತ್ರಗಳನ್ನು ಬರೆಯುವವರೇ ವಿರಳವಾಗುತ್ತಿದ್ದರು.

ಇನ್ನು ಹೊರಜಗತ್ತು ಅವರನ್ನು ಗುರುತಿಸುವುದು 2012ರಿಂದ 2019ರವರೆಗೆ ‘ಗೇಮ್ ಆಫ್ ಥ್ರೋನ್ಸ್’ ಸರಣಿಯಲ್ಲಿ ಅವರು ನಿರ್ವಹಿಸಿದ ಮೆಲಿಸಾಂಡ್ರೆ ಎಂಬ ಕೆಂಪು ನಿಲುವಂಗಿಯ ಮಾಂತ್ರಿಕಳಿಂದ. ಆ ಪಾತ್ರವನ್ನು ಅವರು ಘನತೆಯಿಂದಲೇ ನಿಭಾಯಿಸಿದರೂ, ಅದು ಬೇಡಿದ್ದು ಹೆಚ್ಚಾಗಿ ನಿಶ್ಚಲವಾದ ಮುಖ, ತಗ್ಗಿದ ದನಿ ಮತ್ತು ನಿಗೂಢತೆಯನ್ನು. ‘ಮಿನೂಸ್’ನ ಚಿಮ್ಮುವ ಹಾಸ್ಯಕ್ಕೆ ಅಲ್ಲಿ ಎಡೆಯೇ ಇರಲಿಲ್ಲ. ಕೀರ್ತಿ ಅಪಾರವಾಗಿ ಹಿಗ್ಗಿದ ಕಾಲದಲ್ಲಿಯೇ ಕಲೆಯ ಹರವು ಕುಗ್ಗಿತೆಂಬುದು ಗಂಭೀರವಾಗಿ ಯೋಚಿಸಬೇಕಾದ ಸಂಗತಿ.

ಹಾಗೆಂದ ಮಾತ್ರಕ್ಕೆ ಪರಭಾಷೆಯ ಅಭಿನಯವೆಲ್ಲ ಕುಗ್ಗಿದ್ದೆಂದು ಹೇಳಲಾಗದು. 2011ರ ‘ಬ್ಲ್ಯಾಕ್ ಬಟರ್‌ಫ್ಲೈಸ್’ ಚಿತ್ರದಲ್ಲಿ ಅವರು ದಕ್ಷಿಣ ಆಫ್ರಿಕಾದ ಕವಯಿತ್ರಿ ಇಂಗ್ರಿಡ್ ಯೋಂಕರ್ ಆಗಿ ಕಾಣಿಸಿಕೊಂಡರು. ಯೋಂಕರ್ ಬರೆದದ್ದು ಡಚ್ಚಿನಿಂದಲೇ ಕವಲೊಡೆದ ಆಫ್ರಿಕಾನ್ಸ್ ಭಾಷೆಯಲ್ಲಿ. ಅವರ ತಂದೆ ವರ್ಣಭೇದ ನೀತಿಯ ಆಡಳಿತ ಪಕ್ಷದ ಸಂಸದ. 1965ರಲ್ಲಿ, ಮೂವತ್ತೊಂದನೆಯ ವಯಸ್ಸಿನಲ್ಲಿ, ಯೋಂಕರ್ ಕೇಪ್‌ಟೌನಿನ ಕಡಲಿಗಿಳಿದು ಜೀವ ಬಿಟ್ಟರು. ಡಚ್ ನಿರ್ದೇಶಕಿ, ಡಚ್ ನಾಯಕಿ, ಆಕೆಯ ತಂದೆಯಾಗಿ ಡಚ್ ನಟ ರುಟ್ಗರ್ ಹೌವರ್ ಎಲ್ಲರೂ ಇದ್ದರೂ ಚಿತ್ರ ಮಾತ್ರ ಇಂಗ್ಲಿಷಿನಲ್ಲಿ ತಯಾರಾಯಿತು. ಮಾರುಕಟ್ಟೆಯ ಒತ್ತಾಯ ಇಲ್ಲಿ ಕಣ್ಣಿಗೆ ರಾಚುವಂತಿದೆ, ಮತ್ತು ಕವಯಿತ್ರಿಯೊಬ್ಬಳನ್ನು ಅವಳ ಭಾಷೆಯಿಂದ ಬೇರ್ಪಡಿಸಿದ್ದು ನಷ್ಟವೇ. ಆದರೂ ನ್ಯೂಯಾರ್ಕಿನ ಟ್ರೈಬೆಕಾ ಉತ್ಸವ ಶ್ರೇಷ್ಠ ನಟಿ ಪ್ರಶಸ್ತಿ ನೀಡಿ ಗೌರವಿಸಿದ ಆ ಅಭಿನಯ ಸಂಕೀರ್ಣವೂ ಪೂರ್ಣವೂ ಆಗಿದೆ. ಆದ್ದರಿಂದ ನಟಿಯನ್ನು ಹಿಗ್ಗಿಸುವುದೂ ಕುಗ್ಗಿಸುವುದೂ ಭಾಷೆಯೊಂದೇ ಅಲ್ಲ. ಪಾತ್ರವನ್ನು ಆಕೆಗಾಗಿ ಯಾರು, ಯಾವ ಉದ್ದೇಶದಿಂದ ರೂಪಿಸುತ್ತಾರೆ ಎಂಬುದು ಅದಕ್ಕಿಂತ ನಿರ್ಣಾಯಕ.

ಪಾತ್ರಗಳನ್ನು ರೂಪಿಸುವ ಈ ಅಧಿಕಾರವನ್ನು ಸ್ವತಃ ಕೈಗೆತ್ತಿಕೊಂಡದ್ದೇ ಫಾನ್ ಹೌಟನ್ ಅವರ ವೃತ್ತಿಯ ಅತ್ಯಂತ ಮಹತ್ವದ ಹೆಜ್ಜೆ. ಗೆಳತಿ ಹಾಗೂ ಸಹನಟಿ ಹಲೀನಾ ರೈನ್ ಅವರೊಡನೆ ಅವರು ‘ಮ್ಯಾನ್ ಅಪ್’ ಎಂಬ ನಿರ್ಮಾಣ ಸಂಸ್ಥೆ ಕಟ್ಟಿದರು. ರೈನ್ ನಿರ್ದೇಶಿಸಿದ ‘ಇನ್‌ಸ್ಟಿಂಕ್ಟ್’ (2019) ಚಿತ್ರದಲ್ಲಿ ಫಾನ್ ಹೌಟನ್, ಲೈಂಗಿಕ ಅಪರಾಧಿಯ ಚಿಕಿತ್ಸೆಗೆ ನೇಮಕಗೊಂಡು ಅವನತ್ತಲೇ ಸೆಳೆಯಲ್ಪಡುವ ಮನೋಚಿಕಿತ್ಸಕಿ. 2020ರ ‘ರೆಡ್ ಲೈಟ್’ ಸರಣಿಯಲ್ಲಿ ಆಂಟ್‌ವರ್ಪ್‌ನ ವೇಶ್ಯಾವಾಟಿಕೆಯಲ್ಲಿ ದುಡಿಯುವ ಹೆಣ್ಣು. ಎರಡೂ ಡಚ್ ಭಾಷೆಯವು, ಎರಡರಲ್ಲೂ ನಡುವಯಸ್ಸಿನ ಸ್ತ್ರೀಯ ಬಯಕೆ ಮತ್ತು ಅಸಹಾಯಕತೆಗಳು ಕತೆಯ ಕೇಂದ್ರದಲ್ಲಿವೆ. ಅಂತರರಾಷ್ಟ್ರೀಯ ಸರಣಿ ತಂದ ಹೆಸರಿನಿಂದ ಇಂತಹ ಕೆಲಸಕ್ಕೆ ಬಂಡವಾಳ ಹೊಂದಿಸುವುದು ಸುಲಭವಾಗಿರಬಹುದು. ಹಾಗಿದ್ದಲ್ಲಿ ಶಿಖರವೆಂದು ಎಣಿಸಿದ್ದೇ ಇಲ್ಲಿ ಮೆಟ್ಟಿಲಾಗಿದೆ.